ಲಾಭ, ಎರಡು, ಮೂರು: ಸದ್ದಿನಲ್ಲಿ ಕೂತ ನೆನಪು

ನನ್ನ ದಾದಾ ಎಣಿಸಲು ಶುರು ಮಾಡುವುದು ಒಂದರಿಂದ ಅಲ್ಲ, 'ಲಾಭ'ದಿಂದ. ಲಾಭ, ಎರಡು, ಮೂರು, ನಾಲ್ಕು. ಬ್ಯಾಡಗಿ ಮಾರುಕಟ್ಟೆಯಲ್ಲಿ ಸುಮಾರು 40 ವರ್ಷ ಹಮಾಲರಾಗಿ ಮೆಣಸಿನಕಾಯಿ ಚೀಲ ಹೊತ್ತು, ತೂಕಕ್ಕೆ ಹಾಕಿ, ಎಣಿಸಿದವರು ಅವರು. ಕಣದಲ್ಲಿ ರಾಶಿ ಅಳೆಯುವಾಗ ಮೊದಲ ಅಳತೆಗೆ 'ಒಂದು' ಎನ್ನದೆ 'ಲಾಭ' ಎನ್ನುವುದು ನಮ್ಮ ಕಡೆ ಹಳೆಯ ಪದ್ಧತಿ. ದಾದಿ ಮನೆಯಲ್ಲಿ ಅಕ್ಕಿ ಅಳೆಯುವಾಗ ಅದೇ ಜಾಗದಲ್ಲಿ 'ಬರ್ಕತ್' ಎನ್ನುತ್ತಾರೆ: ಬರ್ಕತ್, ದೋ, ತೀನ್. ನಮ್ಮ ಅಕೌಂಟೆನ್ಸಿ ಪುಸ್ತಕದಲ್ಲಿ ಲಾಭ ಎನ್ನುವುದು ಎಲ್ಲ ಖರ್ಚು ಕಳೆದ ಮೇಲೆ ಕಟ್ಟಕಡೆಗೆ ಬರುತ್ತದೆ. ಇವರಿಬ್ಬರ ಲೆಕ್ಕದಲ್ಲಿ ಅದು ಮೊದಲೇ ಬಂದು ಕೂತಿರುತ್ತದೆ.

ಈ ಲೇಖನ ಹುಟ್ಟಿದ್ದು ಒಂದು ಜಗಳದಿಂದ. ನನ್ನ ಗೆಳತಿ ಒಂದು ಕಥೆ ಬರೆಯುತ್ತಿದ್ದಾಳೆ. ಅದರಲ್ಲಿ ಒಂದು ಕಾಲ್ಪನಿಕ ಲೋಕ. ಅಲ್ಲಿನ ಜನ ತಮ್ಮ ನೆನಪುಗಳನ್ನು ಅಕ್ಷರಗಳ ಉಚ್ಚಾರದೊಳಗೆ ಇಟ್ಟು ಬೀಗ ಹಾಕುತ್ತಾರೆ. ಬೇಕಾದಾಗ ಆ ಸದ್ದನ್ನು ಬಾಯಲ್ಲಿ ಆಡಿದರೆ ನೆನಪು ಹೊರಗೆ ಬರುತ್ತದೆ. 'ಚೆನ್ನಾಗಿದೆಯಾ?' ಎಂದು ಕೇಳಿದಳು. 'ಚೆನ್ನಾಗಿದೆ, ಆದರೆ ಇದರಲ್ಲಿ ಕಲ್ಪನೆ ಎಲ್ಲಿದೆ? ನಮ್ಮ ಮನೆಯಲ್ಲಿ ದಿನಾ ನಡೆಯುವುದು ಇದೇ' ಎಂದೆ. ಅವಳು ನಂಬಲಿಲ್ಲ. ಅವಳಿಗಾಗಿ, ಮತ್ತು ನಮ್ಮ ಮನೆಯವರಿಗಾಗಿಯೂ, ಇದನ್ನು ಬರೆಯುತ್ತಿದ್ದೇನೆ.

ಹೋದ ಆಗಸ್ಟ್‌ನಲ್ಲಿ ದಾದಾಗೆ ಲಕ್ವಾ ಹೊಡೆಯಿತು. ಬಲಗೈ, ಬಲಗಾಲು ಸೋತವು. ಅದಕ್ಕಿಂತ ಕಷ್ಟವಾದದ್ದು ಮಾತು ಹೋದದ್ದು. ನಾವು ಹೇಳಿದ್ದು ಅವರಿಗೆ ಬಹುಮಟ್ಟಿಗೆ ತಿಳಿಯುತ್ತದೆ, ಉತ್ತರ ಬರುವುದಿಲ್ಲ. ನೀರು ಬೇಕಾದರೆ 'ಪಾನಿ' ಎನ್ನಲು ಬಾಯಿ ತೆರೆಯುತ್ತಾರೆ, ತುಟಿ ಅಲ್ಲಾಡುತ್ತದೆ, ಪದ ಹುಟ್ಟುವುದಿಲ್ಲ. ಆದರೆ ಮನೆಗೆ ಬಂದ ನಾಲ್ಕನೇ ದಿನ ಮಗ್ರಿಬ್ ಹೊತ್ತಿಗೆ ಅಬ್ಬಾ ಪಕ್ಕದಲ್ಲಿ ಕೂತು ಸೂರಾ ಫಾತಿಹಾ ಶುರು ಮಾಡಿದಾಗ ದಾದಾ ಜೊತೆಗೂಡಿ ಏಳೂ ಆಯತ್‌ಗಳನ್ನು ಪೂರ್ತಿ ಓದಿದರು. ಕೊಂಚ ತೊದಲು ಇತ್ತು, ತಪ್ಪು ಇರಲಿಲ್ಲ. ದಾದಿ ಅತ್ತುಬಿಟ್ಟರು. ಎಲ್ಲರೂ ಮಾತು ಬಂತು ಎಂದುಕೊಂಡೆವು. ಮರುಕ್ಷಣ 'ಚಹಾ ಕುಡಿಯುತ್ತೀರಾ?' ಎಂದರೆ ಮತ್ತೆ ಬರೀ ಗಾಳಿ.

ಇಲ್ಲಿಂದ ಮನೆಯಲ್ಲಿ ತಾಪತ್ರಯ ಶುರುವಾಯಿತು. ನೋಡಲು ಬಂದ ನೆಂಟರಲ್ಲಿ ಕೆಲವರು, 'ಓದಲು ಬರುತ್ತದೆ, ಬೈಯಲು ಬರುತ್ತದೆ, ಎಣಿಸಲು ಬರುತ್ತದೆ, ಮಾತಾಡಲು ಮಾತ್ರ ಬರುವುದಿಲ್ಲವೇ? ಹಟ ಮಾಡುತ್ತಿದ್ದಾರೆ' ಎಂದರು. ನಿಜ ಹೇಳಬೇಕೆಂದರೆ ನನಗೂ ಒಂದೆರಡು ಸಲ ಹಾಗೇ ಅನ್ನಿಸಿತ್ತು. ಪರೀಕ್ಷೆಯ ಓದಿನ ನಡುವೆ ಹತ್ತು ಸಲ ಎದ್ದು ಹೋಗಿ ಅವರಿಗೆ ಏನು ಬೇಕೆಂದು ಊಹಿಸುವಾಗ ಸಿಟ್ಟು ಬರುತ್ತಿತ್ತು. ಹುಬ್ಬಳ್ಳಿಯಲ್ಲಿ ಡಾಕ್ಟರು ಐದು ನಿಮಿಷದಲ್ಲಿ ವಿವರಿಸಿದ ಮೇಲೆ ಆ ಸಿಟ್ಟು ನಾಚಿಕೆಯಾಯಿತು. ಆಮೇಲೆ ನಾನು ಈ ವಿಷಯವನ್ನು ಹುಡುಕಿ ಓದತೊಡಗಿದೆ.

ಇದಕ್ಕೆ ಅಫೇಸಿಯಾ ಎನ್ನುತ್ತಾರೆ. 1861ರಲ್ಲಿ ಪ್ಯಾರಿಸ್‌ನ ವೈದ್ಯ ಪಾಲ್ ಬ್ರೋಕಾ ಒಬ್ಬ ರೋಗಿಯ ಬಗ್ಗೆ ವರದಿ ಮಾಡಿದರು. ಆತ ಏನು ಕೇಳಿದರೂ 'ತಾನ್, ತಾನ್' ಎನ್ನುತ್ತಿದ್ದ, ಆದ್ದರಿಂದ ಆಸ್ಪತ್ರೆಯಲ್ಲಿ ಅವನ ಹೆಸರೇ ತಾನ್ ಆಗಿಹೋಗಿತ್ತು. ಆದರೆ ತುಂಬ ಸಿಟ್ಟು ಬಂದರೆ ಅವನ ಬಾಯಿಂದ ಒಂದು ಬೈಗುಳ ಪೂರ್ತಿಯಾಗಿ ಬರುತ್ತಿತ್ತು. ಅವನು ಸತ್ತ ಮೇಲೆ ನೋಡಿದಾಗ ಮೆದುಳಿನ ಎಡಭಾಗದ ಮುಂದಿನ ಜಾಗ ಹಾಳಾಗಿತ್ತು. ಇಂಗ್ಲೆಂಡಿನ ಹ್ಯೂಲಿಂಗ್ಸ್ ಜಾಕ್ಸನ್ ಎಂಬ ವೈದ್ಯರು ಅದೇ ಶತಮಾನದಲ್ಲಿ ಇಂಥ ಅನೇಕರನ್ನು ನೋಡಿ, ಮಾತು ಎರಡು ಬಗೆ ಎಂದರು. ಒಂದು, ಆಗಿಂದಾಗ್ಗೆ ಯೋಚಿಸಿ ಹೊಸದಾಗಿ ಜೋಡಿಸುವ ಮಾತು. ಇನ್ನೊಂದು, ಸಾವಿರ ಸಲ ಆಡಿ ಆಡಿ ಒಂದೇ ಎರಕವಾಗಿ ಹೋದ ಮಾತು: ಪ್ರಾರ್ಥನೆ, ಎಣಿಕೆ, ವಾರದ ಹೆಸರುಗಳು, ಸಲಾಮು, ಬೈಗುಳ. ಮೊದಲನೆಯದು ಹೋದವರಲ್ಲೂ ಎರಡನೆಯದು ಎಷ್ಟೋ ಸಲ ಉಳಿದಿರುತ್ತದೆ. ಅಂದರೆ 'ಪಾನಿ' ಎಂಬ ಎರಡಕ್ಷರ ದಾದಾಗೆ ಹೊಸದಾಗಿ ಕಟ್ಟಬೇಕಾದ ಗೋಡೆ. ಫಾತಿಹಾ ಅವರು ಮದರಸಾಕ್ಕೆ ಹೋಗುತ್ತಿದ್ದ ದಿನದಿಂದ ಕಟ್ಟಿಟ್ಟ ಮನೆ, ಬಾಗಿಲು ತೋರಿಸಿದರೆ ಸಾಕು, ಒಳಗೆ ಹೋಗುತ್ತಾರೆ.

ಬಾಗಿಲು ತೋರಿಸುವುದು ಎಂದಾಗ ನಮಗೆ ತಕ್ಷಣ ನೆನಪಾಗಬೇಕಾದದ್ದು ತರಾವೀಹ್. ರಂಜಾನ್‌ನಲ್ಲಿ ಹಾಫಿಜ್ ಸಾಹೇಬರು ಕುರ್‌ಆನಿನ 30 ಪಾರಾಗಳನ್ನೂ ನೋಡದೆ ಓದುತ್ತಾರೆ. ಎಲ್ಲೋ ಒಂದು ಕಡೆ ನಿಂತುಬಿಡುತ್ತಾರೆ. ಹಿಂದಿನ ಸಾಲಿನಿಂದ ಇನ್ನೊಬ್ಬ ಹಾಫಿಜ್ ಒಂದೇ ಒಂದು ಪದ ಹೇಳುತ್ತಾರೆ, ನಿಂತ ನೀರು ಹರಿದ ಹಾಗೆ ಮುಂದಿನ ಪುಟವೆಲ್ಲ ಬರುತ್ತದೆ. ಇದಕ್ಕೆ 'ಲುಕ್ಮಾ ಕೊಡುವುದು' ಎನ್ನುತ್ತಾರೆ. ಲುಕ್ಮಾ ಎಂದರೆ ತುತ್ತು. ಬಾಯಿಗೆ ಒಂದು ತುತ್ತು ಸದ್ದು ಇಟ್ಟರೆ ಇಡೀ ಊಟ ನೆನಪಾಗುತ್ತದೆ. ನಮ್ಮ ಊರುಗಳ ಹಾಫಿಜ್‌ಗಳಲ್ಲಿ ಎಷ್ಟೋ ಜನ ಹಿಫ್ಜ್ ಮುಗಿಸುವುದು ಹನ್ನೆರಡು ಹದಿಮೂರನೇ ವಯಸ್ಸಿಗೆ, ಅರಬಿ ವ್ಯಾಕರಣ ಕಲಿಯುವುದಕ್ಕೂ ಮೊದಲು. ಹಾಗಾದರೆ ಅವರು ಅರ್ಥದ ದಾರ ಹಿಡಿದು ನಡೆಯುತ್ತಿಲ್ಲ, ಸದ್ದಿನ ದಾರ ಹಿಡಿದೇ ನಡೆಯುತ್ತಿದ್ದಾರೆ. ಅದಕ್ಕೆ ಒಂದು ಪುರಾವೆ ಅವರ ತಪ್ಪುಗಳಲ್ಲೇ ಇದೆ. ಎರಡು ಸೂರಾಗಳಲ್ಲಿ ಹೆಚ್ಚು ಕಡಿಮೆ ಒಂದೇ ಬಗೆಯ ಆಯತ್ ಇದ್ದರೆ, ಹೊಸ ಹಾಫಿಜ್ ಒಂದರಲ್ಲಿ ಹೊರಟು ಇನ್ನೊಂದಕ್ಕೆ ಹೋಗಿಬಿಡುತ್ತಾನೆ, ಜಂಕ್ಷನ್ನಿನಲ್ಲಿ ರೈಲು ಹಳಿ ಬದಲಿಸಿದ ಹಾಗೆ. ಸೂರಾ ರಹಮಾನ್‌ನಲ್ಲಿ ಒಂದೇ ಆಯತ್ 31 ಸಲ ಬರುತ್ತದೆ. ಕೇಳಲು ಅದು ಎಲ್ಲಕ್ಕಿಂತ ಸುಲಭ, ಪಾಠ ಮಾಡುವವರಿಗೆ ಅದರಲ್ಲೇ ಎಚ್ಚರ ಬೇಕು: ಈಗ ಬಂದದ್ದು ಎಷ್ಟನೆಯದು, ಮುಂದೆ ಯಾವುದು?

ವೇದಪಾಠದಲ್ಲಿ ಇದೇ ಅಪಾಯಕ್ಕೆ ಬೇರೆ ಉಪಾಯ ಮಾಡಿದ್ದಾರೆ. ಘನಪಾಠ ಎಂಬ ಕ್ರಮದಲ್ಲಿ ಪದಗಳನ್ನು ನೇರವಾಗಿ ಹೇಳಿ ಮುಂದೆ ಹೋಗುವುದಿಲ್ಲ. ಒಂದು-ಎರಡು, ಎರಡು-ಒಂದು, ಒಂದು-ಎರಡು-ಮೂರು, ಮೂರು-ಎರಡು-ಒಂದು, ಮತ್ತೆ ಒಂದು-ಎರಡು-ಮೂರು, ಹೀಗೆ ಮುಂದಕ್ಕೂ ಹಿಂದಕ್ಕೂ ಹೆಣೆಯುತ್ತಾರೆ. ಒಂದು ಪದ ತಪ್ಪಿದರೆ ಹೆಣಿಗೆಯಲ್ಲಿ ಎಲ್ಲೋ ಒಂದು ಕಡೆ ಸಿಕ್ಕಿಬೀಳಲೇಬೇಕು. ನನಗಂತೂ ಇದು ಡಬಲ್ ಎಂಟ್ರಿಯ ಹಾಗೇ ಕಂಡಿತು, ಎರಡು ಕಡೆ ಬರೆದದ್ದು ತಾಳೆಯಾಗದಿದ್ದರೆ ಟ್ರಯಲ್ ಬ್ಯಾಲೆನ್ಸ್ ಹೇಳಿಬಿಡುತ್ತದಲ್ಲ, ಹಾಗೆ. ನಮ್ಮ ಜಿಲ್ಲೆಯ ಹಾನಗಲ್ ತಾಲೂಕಿನಲ್ಲಿ ಹುಟ್ಟಿದ ಪಂಚಾಕ್ಷರ ಗವಾಯಿಗಳು ಮತ್ತು ಪುಟ್ಟರಾಜ ಗವಾಯಿಗಳು ಇಬ್ಬರಿಗೂ ಕಣ್ಣು ಕಾಣುತ್ತಿರಲಿಲ್ಲ. ಗದಗಿನ ವೀರೇಶ್ವರ ಪುಣ್ಯಾಶ್ರಮದಲ್ಲಿ ಅವರ ಬಳಿ ಕಲಿತ ಅಂಧ ಮಕ್ಕಳಿಗೆ ರಾಗಗಳೆಲ್ಲ ಬಂದದ್ದು ಕಿವಿಯಿಂದ ಕಿವಿಗೆ.

ಇನ್ನು ಅಂಕಿಗಳ ವಿಷಯ. ಇದು ನಮಗೆ, ಕಾಮರ್ಸ್‌ನವರಿಗೆ, ನೇರವಾಗಿ ಸಂಬಂಧಿಸಿದ್ದು.

ಈಗ ತಾನೇ ಕೇಳಿದ ಫೋನ್ ನಂಬರನ್ನು ಬರೆದುಕೊಳ್ಳುವವರೆಗೆ ನಾವು ಬಾಯೊಳಗೇ ಗುನುಗುತ್ತೇವೆ. 1974ರಲ್ಲಿ ಬ್ಯಾಡ್ಲಿ ಮತ್ತು ಹಿಚ್ ಎಂಬ ಮನೋವಿಜ್ಞಾನಿಗಳು ತಾತ್ಕಾಲಿಕ ನೆನಪಿನ ಒಂದು ಮಾದರಿ ಕೊಟ್ಟರು. ಅದರಲ್ಲಿ ಒಂದು ಭಾಗ ಈ ಗುನುಗುವ ಸುರುಳಿ. ಅದರ ಉದ್ದ ಸುಮಾರು ಎರಡು ಸೆಕೆಂಡು. ಎರಡು ಸೆಕೆಂಡಿನಲ್ಲಿ ಬಾಯಿಂದ ಎಷ್ಟು ಹೇಳಬಹುದೋ ಅಷ್ಟೇ ಅದರಲ್ಲಿ ನಿಲ್ಲುತ್ತದೆ. ಹಾಗಾದರೆ ಅಂಕಿಯ ಹೆಸರು ಉದ್ದವಾದಷ್ಟೂ ನಿಲ್ಲುವ ಅಂಕಿ ಕಡಿಮೆಯಾಗಬೇಕಲ್ಲವೇ? ಬ್ರಿಟನ್ನಿನ ವೇಲ್ಸ್‌ನಲ್ಲಿ ಮಕ್ಕಳು ಅಂಕಿ ನೆನಪಿಡುವ ಪರೀಕ್ಷೆಯಲ್ಲಿ ಹಿಂದೆ ಬೀಳುತ್ತಿದ್ದರು. 1980ರಲ್ಲಿ ಎಲಿಸ್ ಮತ್ತು ಹೆನ್ನೆಲಿ ಎಂಬ ಸಂಶೋಧಕರು ಇದಕ್ಕೆ ಕಾರಣ ಬುದ್ಧಿ ಅಲ್ಲ, ವೆಲ್ಷ್ ಭಾಷೆಯ ಅಂಕಿಗಳನ್ನು ಹೇಳಲು ಇಂಗ್ಲಿಷಿಗಿಂತ ಹೆಚ್ಚು ಹೊತ್ತು ಬೇಕು ಎಂದು ತೋರಿಸಿದರು. ಇದನ್ನು ಓದಿದಾಗ ನನಗೆ ಬಹಳ ಖುಷಿಯಾಯಿತು. ಬುದ್ಧಿಯ ಅಳತೆ ಎಂದುಕೊಂಡದ್ದು ನಾಲಿಗೆಯ ಅಳತೆಯಾಗಿತ್ತು.

ಈಗ ನಮ್ಮ ಎರಡು ಭಾಷೆಗಳನ್ನು ಎದುರು ಬದುರು ಇಡಿ. ಏಕ್, ದೋ, ತೀನ್, ಚಾರ್, ಪಾಂಚ್, ಛೆ, ಸಾತ್, ಆಠ್, ನೌ: ಒಂಬತ್ತೂ ಒಂದೊಂದೇ ಉಸುರಿನವು. ಒಂದು, ಎರಡು, ಮೂರು ಎಂದು ಒಂಬತ್ತರವರೆಗೆ ಎಣಿಸಿದರೆ ಎರಡೋ ಮೂರೋ ತುಂಡುಗಳು, ಎಲ್ಲ ಕೂಡಿದರೆ 20. ಹೀಗಾಗಿ ಹತ್ತಂಕಿಯ ಮೊಬೈಲ್ ನಂಬರನ್ನು ಉರ್ದುವಿನಲ್ಲಿ ಬೇಗ ಗುನುಗಬಹುದು. ಆದರೆ ಅಲ್ಲಿಗೇ ಉರ್ದು ಗೆದ್ದಿತು ಎನ್ನಬೇಡಿ. ನೂರರೊಳಗಿನ ಸಂಖ್ಯೆಗೆ ಬಂದರೆ ಕಥೆ ಉಲ್ಟಾ. ಕನ್ನಡದಲ್ಲಿ ಎಪ್ಪತ್ತೊಂಬತ್ತು ಎಂದರೆ ಎಪ್ಪತ್ತೂ ಕಾಣುತ್ತದೆ, ಒಂಬತ್ತೂ ಕಾಣುತ್ತದೆ. ಉರ್ದುವಿನಲ್ಲಿ 79 'ಉನ್ನಾಸಿ', 89 'ನವಾಸಿ'. ಒಂದೊಂದನ್ನೂ ಪ್ರತ್ಯೇಕವಾಗಿ ಬಾಯಿಪಾಠ ಮಾಡಬೇಕು. ನಮ್ಮ ಮನೆಯ ಚಿಕ್ಕವರು ಈ ಎರಡನ್ನು ಇವತ್ತಿಗೂ ಅದಲು ಬದಲು ಮಾಡುತ್ತಾರೆ. ಮತ್ತೆ ಅರೆ ಕಾಲು ಲೆಕ್ಕದಲ್ಲಿ ಉರ್ದು ಮುಂದೆ: ಒಂದೂಕಾಲಿಗೆ 'ಸವಾ', ಒಂದೂವರೆಗೆ 'ಡೇಢ್', ಎರಡೂವರೆಗೆ 'ಢಾಯಿ', ಒಂದೊಂದೇ ಪದ. ಹಿಂದೆ ಶಾಲೆಗಳಲ್ಲಿ ಕಾಲು, ಅರೆ, ಮುಕ್ಕಾಲಿನ ಮಗ್ಗಿಯನ್ನೂ ರಾಗವಾಗಿ ಹೇಳಿಸುತ್ತಿದ್ದರು. ದಾದಾ ಶಾಲೆಗೆ ಹೋದದ್ದು ಮೂರೇ ವರ್ಷ, ಆದರೆ ಕಾಲಿನ ಮಗ್ಗಿ ಅವರ ಬಾಯಲ್ಲಿತ್ತು. ನಾನು ಕ್ಯಾಲ್ಕ್ಯುಲೇಟರ್ ಹುಡುಕುವುದರೊಳಗೆ ಅವರು ಉತ್ತರ ಹೇಳುತ್ತಿದ್ದರು.

ಇಲ್ಲಿಯವರೆಗೆ ಹೇಳಿದ್ದು ತಾನಾಗಿಯೇ ಸದ್ದಿನಲ್ಲಿ ಕೂತ ನೆನಪು. ಬೇಕೆಂದೇ ಕೂರಿಸುವ ವಿದ್ಯೆಯೂ ಇದೆ. ಗೆಳತಿಯ ಕಾಲ್ಪನಿಕ ಲೋಕಕ್ಕೆ ತೀರ ಹತ್ತಿರದ್ದು ಇದೇ.

ಮೊದಲನೆಯದು ಕಟಪಯಾದಿ. ಕ, ಟ, ಪ, ಯ ಈ ನಾಲ್ಕಕ್ಕೂ ಬೆಲೆ 1. ಅಲ್ಲಿಂದ ವರ್ಣಮಾಲೆಯ ಕ್ರಮದಲ್ಲಿ ಮುಂದೆ ಎಣಿಸಬೇಕು: ಖ, ಠ, ಫ, ರ ಎಂದರೆ 2. ಗ, ಡ, ಬ, ಲ ಎಂದರೆ 3. ಘ, ಢ, ಭ, ವ 4. ಹೀಗೆ 9ರವರೆಗೆ ಹೋಗಿ ಞ ಮತ್ತು ನ ಸೊನ್ನೆಯಾಗುತ್ತವೆ. ಸ್ವರಕ್ಕೆ ಬೆಲೆ ಇಲ್ಲ, ಒತ್ತಕ್ಷರದಲ್ಲಿ ಕೊನೆಯ ವ್ಯಂಜನ ಮಾತ್ರ ಲೆಕ್ಕಕ್ಕೆ. ಕೊನೆಗೆ ಬಂದ ಅಂಕಿಗಳನ್ನು ಬಲದಿಂದ ಎಡಕ್ಕೆ ಓದಬೇಕು. 'ಹಾವೇರಿ' ತೆಗೆದುಕೊಳ್ಳಿ. ಹ 8, ವ 4, ರ 2. ತಿರುಗಿಸಿದರೆ 248. ಎರಡು, ನಾಲ್ಕು, ಎಂಟು, ನಮ್ಮ ಜಿಲ್ಲಾ ಕೇಂದ್ರ ಎಷ್ಟು ಶಿಸ್ತಿನದು ನೋಡಿ! 'ಬ್ಯಾಡಗಿ'ಯಲ್ಲಿ ಬ್ಯಾ ಒತ್ತಕ್ಷರ, ಆದ್ದರಿಂದ ಯ 1, ಡ 3, ಗ 3: ಒಟ್ಟು 331. 'ರಾಣೇಬೆನ್ನೂರು' 20352. ಬೇಕಾದರೆ ಲೆಕ್ಕ ಹಾಕಿ ನೋಡಿ. ಇದು ಬರೀ ಆಟವಲ್ಲ. 14ನೇ ಶತಮಾನದ ಕೇರಳದ ಗಣಿತಜ್ಞ ಸಂಗಮಗ್ರಾಮದ ಮಾಧವನ ಸೈನ್ ಕೋಷ್ಟಕ ಉಳಿದು ಬಂದದ್ದು ಕಟಪಯಾದಿಯಲ್ಲಿ ಕಟ್ಟಿದ ಪದ್ಯದ ಸಾಲುಗಳಾಗಿ. ಕರ್ನಾಟಕ ಸಂಗೀತದ 72 ಮೇಳಕರ್ತ ರಾಗಗಳ ಹೆಸರಿನ ಮೊದಲೆರಡು ಅಕ್ಷರವೇ ಅವುಗಳ ಕ್ರಮಸಂಖ್ಯೆ. 'ಮಾಯಾಮಾಳವಗೌಳ' ಎಂದರೆ ಮ 5, ಯ 1, ತಿರುಗಿಸಿದರೆ 15ನೇ ಮೇಳ. 'ಧೀರಶಂಕರಾಭರಣ' 29ನೆಯದು. ನಮ್ಮ ಕಡೆ ಹಿಂದೂಸ್ತಾನಿ ಸಂಗೀತವೇ ಹೆಚ್ಚಾದ್ದರಿಂದ ಇದು ನಮ್ಮ ಕಿವಿಗೆ ಅಷ್ಟು ಬಿದ್ದಿಲ್ಲ.

ಎರಡನೆಯದು ನಮಗೆಲ್ಲ ಗೊತ್ತಿರುವ 786. ಲಾರಿಗಳ ಮೇಲೆ, ಅಂಗಡಿಯ ಗಲ್ಲಾ ಪೆಟ್ಟಿಗೆಯ ಮೇಲೆ ನೋಡಿದ್ದೇವೆ, ಎಲ್ಲಿಂದ ಬಂತು ಎಂದು ನಾನು ಈ ವರ್ಷದವರೆಗೂ ಕೇಳಿರಲಿಲ್ಲ. ಅರಬಿಯ ಅಬ್ಜದ್ ಎಣಿಕೆಯಲ್ಲಿ ಅಲಿಫ್ 1, ಬೇ 2, ಜೀಮ್ 3, ದಾಲ್ 4 ಎಂದು ಶುರುವಾಗಿ ಹತ್ತು, ನೂರುಗಳ ಮೂಲಕ 1000ದವರೆಗೆ 28 ಅಕ್ಷರಗಳಿಗೂ ಬೆಲೆ ಇದೆ. ಬಿಸ್ಮಿಲ್ಲಾದ ಪದಗಳನ್ನು ಒಂದೊಂದಾಗಿ ಕೂಡಿದರೆ 102, 66, 329, 289. ಮೊತ್ತ 786. ಇದನ್ನು ಬರೆದರೆ ಬಿಸ್ಮಿಲ್ಲಾ ಬರೆದ ಹಾಗೆ ಆಗುವುದಿಲ್ಲ ಎಂದು ಅನೇಕ ಉಲಮಾಗಳು ಹೇಳುತ್ತಾರೆ, ಅದನ್ನೂ ನೆನಪಿಡಬೇಕು. ಇಲ್ಲಿ ಒಂದು ಸೂಕ್ಷ್ಮ ವ್ಯತ್ಯಾಸವಿದೆ. ಅಬ್ಜದ್ ಎಣಿಸುವುದು ಬರೆದ ಅಕ್ಷರವನ್ನು, ಬಾಯಲ್ಲಿ ಬಂದ ಸದ್ದನ್ನಲ್ಲ. ರಹಮಾನ್ ಎನ್ನುವಾಗ 'ಮಾ' ದೀರ್ಘವಾಗಿ ಕೇಳುತ್ತದೆ, ಆದರೆ ಅಲ್ಲಿ ಅಲಿಫ್ ಬರೆಯುವುದಿಲ್ಲ, ಆದ್ದರಿಂದ ಅದಕ್ಕೆ ಬೆಲೆಯೂ ಇಲ್ಲ.

ಈ ಎರಡು ಲೋಕಗಳು ಒಂದು ಕಡೆ ಕೂಡಿದ್ದನ್ನು ಓದಿ ನನಗೆ ಆಶ್ಚರ್ಯವಾಯಿತು. ಯುಗಾದಿ ಪಂಚಾಂಗದಲ್ಲಿ 60 ಸಂವತ್ಸರಗಳು. 2024ರ ಯುಗಾದಿಗೆ ಬಂದ ಕ್ರೋಧಿ 38ನೆಯದು, 2025ರ ವಿಶ್ವಾವಸು 39ನೆಯದು. ಟಿಪ್ಪು ಸುಲ್ತಾನ್ ತನ್ನ ಆಡಳಿತದ ಕ್ಯಾಲೆಂಡರಿನಲ್ಲಿ ಇದೇ 60 ವರ್ಷಗಳ ಚಕ್ರವನ್ನು ಇಟ್ಟುಕೊಂಡು ಹೆಸರು ಮಾತ್ರ ಬದಲಿಸಿದ. 1784-85ರ ಕ್ರೋಧಿಗೆ ಅವನ ಹೆಸರು 'ಅಜಲ್'. ಅಬ್ಜದ್‌ನಲ್ಲಿ 1, 7, 30 ಕೂಡಿದರೆ ಸರಿಯಾಗಿ 38. ಮುಂದಿನ ವರ್ಷ 'ಜಲೂ': 3, 30, 6, ಅಂದರೆ 39. ವರ್ಷದ ಹೆಸರನ್ನು ಉಚ್ಚರಿಸಿದರೆ ಸಾಕು, ಅದು ಎಷ್ಟನೇ ವರ್ಷ ಎಂಬುದು ಒಳಗೇ ಇರುತ್ತದೆ. ಕೆಲವು ವರ್ಷಗಳ ನಂತರ ಆತ ಅಕ್ಷರದ ಬೆಲೆಯ ಕ್ರಮವನ್ನೇ ಬದಲಿಸಿದ, ಆ ಗೋಜಿಗೆ ನಾನು ಹೋಗುವುದಿಲ್ಲ.

ಮತ್ತೆ ದಾದಾ ಹತ್ತಿರ ಬರುತ್ತೇನೆ. ಮನೆಯಲ್ಲಿ ನಮ್ಮದು ಉರ್ದು. ಅವರ ತಾಯಿಮಾತು ಅದೇ. ಹಾಗಿದ್ದರೂ ಕಾಯಿಲೆಯ ನಂತರ ಅವರ ಬಾಯಿಂದ ಎಣಿಕೆ ಬಂದದ್ದು ಕನ್ನಡದಲ್ಲಿ, 'ಲಾಭ'ದಿಂದಲೇ. ಎರಡು ಮೂರು ಭಾಷೆ ಬಲ್ಲವರಿಗೆ ಹೀಗಾದಾಗ ಮೊದಲು ಕಲಿತ ಭಾಷೆ ಮೊದಲು ಮರಳುತ್ತದೆ ಎಂದು ಫ್ರಾನ್ಸಿನ ರಿಬೋ ಹೇಳಿದ್ದರು, ಹೆಚ್ಚು ಬಳಸಿದ್ದು ಮೊದಲು ಮರಳುತ್ತದೆ ಎಂದು 1895ರಲ್ಲಿ ಪೀಟ್ರ್ ಹೇಳಿದರು. ನಮ್ಮ ಮನೆಯಲ್ಲಿ ಇಬ್ಬರೂ ಅರ್ಧರ್ಧ ಗೆದ್ದಿದ್ದಾರೆ: ಬೈಗುಳ ಉರ್ದು, ಎಣಿಕೆ ಕನ್ನಡ, ನಮಾಜು ಅರಬಿ. 2000ದಲ್ಲಿ ವಿಯೊರಿಕಾ ಮಾರಿಯನ್ ಮತ್ತು ಉಲ್ರಿಕ್ ನೈಸರ್ ಅಮೆರಿಕದಲ್ಲಿದ್ದ ರಷ್ಯನ್ ವಲಸಿಗರ ಮೇಲೆ ಮಾಡಿದ ಅಧ್ಯಯನದಲ್ಲಿ, ರಷ್ಯನ್‌ನಲ್ಲಿ ಕೇಳಿದಾಗ ರಷ್ಯನ್ ಮಾತಾಡುತ್ತಿದ್ದ ದಿನಗಳ ನೆನಪು ಹೆಚ್ಚು ಬಂತು, ಇಂಗ್ಲಿಷಿನಲ್ಲಿ ಕೇಳಿದಾಗ ಇಂಗ್ಲಿಷ್ ದಿನಗಳದು. ಇದನ್ನು ಓದಿದ ರಾತ್ರಿಯೇ ನನಗೆ ಒಂದು ಯೋಚನೆ ಬಂತು.

ಯಾಕೆಂದರೆ ಒಂದು ವಿಷಯ ನಮ್ಮನ್ನು ಕಾಡುತ್ತಿತ್ತು. ದಾದಾ ಜೊತೆ ಹಮಾಲಿ ಮಾಡಿದ ಗೆಳೆಯ ಅಜ್ಜ ಒಬ್ಬರು ಗುರುವಾರ ಮಾರುಕಟ್ಟೆ ಮುಗಿಸಿ ಮನೆಗೆ ಬರುತ್ತಾರೆ. ಅವರು ಬಂದಾಗಲೆಲ್ಲ ದಾದಾ ಚಡಪಡಿಸುತ್ತಿದ್ದರು. ಎಡಗೈಯಿಂದ ನನ್ನ ಕಾಲೇಜು ಬ್ಯಾಗ್ ತೋರಿಸುತ್ತಿದ್ದರು, ಅಬ್ಬಾನ ಜೇಬು ತೋರಿಸುತ್ತಿದ್ದರು. ನಾವು ಉರ್ದುವಿನಲ್ಲಿ ಎಷ್ಟು ಕೇಳಿದರೂ ತಿಳಿಯಲಿಲ್ಲ. ಆ ಗುರುವಾರ ಅಜ್ಜ ಹೋದ ಮೇಲೆ ನಾನು ದಾದಾನ ಕೈ ಹಿಡಿದು ಕನ್ನಡದಲ್ಲಿ ಕೇಳಿದೆ: 'ದಾದಾ, ಅಜ್ಜಗ ರೊಕ್ಕ ಕೊಡೋದೈತೇನು?' ತಲೆ ಹಾಕಿದರು. 'ನನ್ನ ಫೀ ಕಟ್ಟಾಕ ಇಸ್ಕೊಂಡಿದ್ರೇನು?' ಮತ್ತೆ ತಲೆ ಹಾಕಿದರು, ಕಣ್ಣು ತುಂಬಿದವು. 'ಎಷ್ಟು?' ಎಂದರೆ ಬಾಯಿ ಕಟ್ಟಿತು. ಆಗ ನಾನೇ ಶುರು ಮಾಡಿದೆ, ಲುಕ್ಮಾ ಕೊಟ್ಟ ಹಾಗೆ: 'ಲಾಭ...' ಅವರು ಹಿಡಿದರು. ಲಾಭ, ಎರಡು, ಮೂರು, ನಾಲ್ಕು. ಹತ್ತು ದಾಟಿ ಹನ್ನೊಂದಕ್ಕೆ ಬಂದಾಗ ನನ್ನ ಬೆರಳನ್ನು ಒತ್ತಿ ನಿಂತರು. 'ಸಾವಿರ?' ಹೌದು.

ಜೂನ್‌ನಲ್ಲಿ ನನ್ನ ಪ್ರವೇಶದ ಸಮಯದಲ್ಲಿ ಅಬ್ಬಾಗೂ ಹೇಳದೆ ತಂದ ಸಾಲ. ಚೀಟಿ ಇಲ್ಲ, ಸಾಕ್ಷಿ ಇಲ್ಲ. ಅಜ್ಜ ದಾದಾನ ಸ್ಥಿತಿ ನೋಡಿ ಬಾಯಿಬಿಟ್ಟಿರಲಿಲ್ಲ.

ಮುಂದಿನ ಗುರುವಾರ ಅಬ್ಬಾ ಹಣ ತಂದಿಟ್ಟರು. ಅಜ್ಜ ಮೊದಲು ಒಲ್ಲೆ ಎಂದರು. ಆಮೇಲೆ ಕೈಗೆ ತೆಗೆದುಕೊಂಡು, 'ಹತ್ತ ಇರಬೇಕಲ್ಲೋ ಸಾಬ್ರ, ಹನ್ನೊಂದ್ಯಾಕ?' ಎಂದರು. ದಾದಾಗೆ ಸಿಟ್ಟು ಬಂತು. ಉರ್ದುವಿನಲ್ಲಿ ಒಂದು ಬೈಗುಳ ಸ್ಪಷ್ಟವಾಗಿ ಬಂತು, ಅದನ್ನು ಇಲ್ಲಿ ಬರೆಯಲಾರೆ. ಅಜ್ಜ ನಕ್ಕು, ನೋಟುಗಳನ್ನು ಮಂಚದ ಮೇಲೆ ಸಾವಿರ ಸಾವಿರದ ಗುಂಪಾಗಿ ಇಡುತ್ತಾ 'ಲಾಭ' ಎಂದರು. ದಾದಾ 'ಎರಡು' ಎಂದರು. ಹೀಗೆ ಇಬ್ಬರೂ ಕೂಡಿ ಹನ್ನೊಂದರವರೆಗೆ ಹೋದರು. ಅಜ್ಜ ಹಣವನ್ನು ರುಮಾಲಿನಲ್ಲಿ ಸುತ್ತಿಕೊಂಡು, 'ಆತಪಾ, ನಿನ್ನ ಲೆಕ್ಕಾನ ಖರೆ' ಎಂದು ಎದ್ದರು.

— ದ್ವಿತೀಯ ಪಿಯುಸಿ, ವಾಣಿಜ್ಯ ವಿಭಾಗದ ವಿದ್ಯಾರ್ಥಿನಿ